ಗುಡುಗು ಮಿಂಚಿಗೆ ಹೆದರುವ ಮಗುವಿನ ಜೊತೆ: ಕರಾವಳಿಯ ತಂದೆತಾಯಿಗಳಿಗೊಂದು ಸಮಗ್ರ ಮಾರ್ಗದರ್ಶಿ

ಏಪ್ರಿಲ್ ತಿಂಗಳ ಸಂಜೆ ಘಟ್ಟದ ಕಡೆಯಿಂದ ಮೋಡ ಕಪ್ಪಿಟ್ಟು ಬರುವಾಗ, ಉಡುಪಿಯ ನಮ್ಮ ಮನೆಯಲ್ಲಿ ದೊಡ್ಡವರೆಲ್ಲ ಅಂಗಳದಲ್ಲಿ ಒಣಹಾಕಿದ ಹಪ್ಪಳ, ಸಂಡಿಗೆ, ಬಟ್ಟೆಬರೆಗಳನ್ನು ಒಳಗೆ ಸೇರಿಸುವ ಗಡಿಬಿಡಿಯಲ್ಲಿರುತ್ತಿದ್ದೆವು. ಆ ಹೊತ್ತಿನಲ್ಲಿ ಆರು ವರ್ಷದ ನನ್ನ ಮಗಳು ಸದ್ದಿಲ್ಲದೆ ಮಂಚದ ಕೆಳಗೆ ಸೇರಿ ಎರಡೂ ಕಿವಿ ಮುಚ್ಚಿಕೊಂಡು ಕುಳಿತಿರುತ್ತಿದ್ದಳು ಎಂಬುದು ನಮಗೆ ತಿಳಿಯಲು ಒಂದು ಇಡೀ ಬೇಸಿಗೆ ಬೇಕಾಯಿತು. ತಿಳಿದ ಮೇಲೂ ನಾವು ಮಾಡಿದ್ದು ಎಲ್ಲ ಮನೆಗಳಲ್ಲಿ ಮಾಡುವುದನ್ನೇ. ಅಪ್ಪಿಕೊಂಡು "ಏನಿಲ್ಲ ಮಗಾ, ಏನಿಲ್ಲ" ಎನ್ನುತ್ತಿದ್ದೆವು, ಮೊಬೈಲ್ ಕೈಗೆ ಕೊಟ್ಟು ಸದ್ದು ಮರೆಸುತ್ತಿದ್ದೆವು, ಒಮ್ಮೊಮ್ಮೆ ಸಹನೆ ಕಳೆದುಕೊಂಡು ಗದರುತ್ತಿದ್ದೆವು. ಇವು ಯಾವುವೂ ಫಲ ಕೊಡಲಿಲ್ಲ. ಮಕ್ಕಳ ಮನೋವೈದ್ಯರೊಬ್ಬರ ಸಲಹೆಯಂತೆ ಎರಡು ವರ್ಷ ಅಭ್ಯಾಸ ಮಾಡಿದ ಮೇಲೆ ನನಗೆ ಮನವರಿಕೆಯಾದ ಮುಖ್ಯ ಸಂಗತಿ ಇಷ್ಟು: ಗುಡುಗಿನ ಭಯವನ್ನು ಇಳಿಸುವ ಕೆಲಸ ನಡೆಯಬೇಕಾದದ್ದು ಗುಡುಗು ಇಲ್ಲದ ದಿನಗಳಲ್ಲಿ. ಮೋಡ ಕವಿದ ಮೇಲೆ ಮಗುವಿಗೆ ಹೊಸದಾಗಿ ಏನನ್ನೂ ಕಲಿಸಲಾಗುವುದಿಲ್ಲ. ಮೊದಲೇ ಕಲಿತದ್ದನ್ನು ನೆನಪಿಸಬಹುದು, ಅಷ್ಟೆ.

ಮೊದಲ ಹೆಜ್ಜೆ: ವರ್ಷದ ಲೆಕ್ಕ ಹಾಕಿಕೊಳ್ಳಿ

ನಮ್ಮ ಕರಾವಳಿಯಲ್ಲಿ ಮಳೆಗೂ ಗುಡುಗಿಗೂ ಕಾಲ ಬೇರೆ ಬೇರೆ. ಏಪ್ರಿಲ್, ಮೇ ತಿಂಗಳುಗಳಲ್ಲಿ ನೆಲ ಕಾದು, ಅರಬ್ಬೀ ಸಮುದ್ರದಿಂದ ಬರುವ ತೇವದ ಗಾಳಿ ಪಶ್ಚಿಮಘಟ್ಟದ ಗೋಡೆಗೆ ತಾಗಿ ಮೇಲಕ್ಕೇರಿ, ಮಧ್ಯಾಹ್ನದ ನಂತರ ಎತ್ತರದ ಗುಡುಗು ಮೋಡಗಳು ಕಟ್ಟುತ್ತವೆ. ಜೂನ್ ಮೊದಲ ವಾರದ ಹೊತ್ತಿಗೆ ನೈಋತ್ಯ ಮುಂಗಾರು ಬಂದು ನೆಲೆಗೊಂಡ ಮೇಲೆ, ಅದರಲ್ಲೂ ಜುಲೈಯಲ್ಲಿ, ಮಳೆ ಧಾರಾಕಾರ ಸುರಿಯುತ್ತದೆ, ಆದರೆ ಗುಡುಗು ವಿರಳ. ಮುಂಗಾರು ಹಿಂದೆ ಸರಿಯುವ ಅಕ್ಟೋಬರ್, ನವೆಂಬರ್ ತಿಂಗಳ ಸಂಜೆಗಳಲ್ಲಿ ಮತ್ತೆ ಗುಡುಗು ಮಿಂಚಿನ ಆರ್ಭಟ.

ಮಗುವಿನ ಅಭ್ಯಾಸಕ್ಕೆ ಈ ಕ್ರಮ ಬಹಳ ಅನುಕೂಲಕರ. ಡಿಸೆಂಬರಿನಿಂದ ಮಾರ್ಚ್‌ವರೆಗಿನ ಒಣ ದಿನಗಳಲ್ಲಿ ಪಾಠ, ಜುಲೈಯ ಗುಡುಗಿಲ್ಲದ ದೊಡ್ಡ ಮಳೆಯಲ್ಲಿ ನಡುವಿನ ಅಭ್ಯಾಸ, ಅಕ್ಟೋಬರಿನಲ್ಲಿ ನಿಜವಾದ ಪ್ರಯೋಗ ಎಂದು ಹಂಚಿಕೊಳ್ಳಬಹುದು. ಇದು ವಾರವೊಂದರಲ್ಲಿ ಮುಗಿಯುವ ಕೆಲಸವಲ್ಲ ಎಂಬುದನ್ನು ಮನೆಮಂದಿಯೆಲ್ಲ ಮೊದಲೇ ಒಪ್ಪಿಕೊಂಡರೆ ಮುಂದಿನ ದಾರಿ ಸುಗಮವಾಗುತ್ತದೆ.

ಎರಡನೆಯ ಹೆಜ್ಜೆ: ಮಗು ಯಾವುದಕ್ಕೆ ಹೆದರುತ್ತಿದೆ ಎಂದು ಕಂಡುಹಿಡಿಯಿರಿ

ಎರಡು ವರ್ಷದಿಂದ ಏಳೆಂಟು ವರ್ಷದವರೆಗೆ ದೊಡ್ಡ ಸದ್ದು, ಕತ್ತಲೆ ಮತ್ತು ಏಕಾಂಗಿಯಾಗುವ ಭಯ ಬಹುತೇಕ ಮಕ್ಕಳಲ್ಲಿ ಇರುತ್ತದೆ. ಗುಡುಗು ಮಿಂಚಿನ ಸಂಜೆ ಈ ಮೂರನ್ನೂ ಒಟ್ಟಿಗೆ ತಂದು ನಿಲ್ಲಿಸುತ್ತದೆ. ಆದ್ದರಿಂದ "ಗುಡುಗಿಗೆ ಹೆದರುತ್ತಾನೆ" ಎಂಬ ಒಂದು ಮಾತಿನೊಳಗೆ ಬೇರೆ ಬೇರೆ ಭಯಗಳು ಅಡಗಿರಬಹುದು. ಒಂದು ಮಗುವಿಗೆ ಸದ್ದು ಕಷ್ಟ, ಇನ್ನೊಂದಕ್ಕೆ ಕಣ್ಣು ಕುಕ್ಕುವ ಬೆಳಕು. ಹಲವರಿಗೆ ನಿಜವಾದ ತೊಂದರೆ ಎಂದರೆ ಮೊದಲ ಗುಡುಗಿಗೇ ಕರೆಂಟ್ ಹೋಗಿ ಮನೆ ಕತ್ತಲಾಗುವುದು. ಟೆರೇಸಿನ ಮೇಲೆ ತಗಡಿನ ಶೀಟ್ ಹೊದಿಸಿದ ಮನೆಗಳಲ್ಲಿ ಮಳೆಯ ಹೊಡೆತವೇ ಗುಡುಗಿಗಿಂತ ದೊಡ್ಡದಾಗಿ ಕೇಳುತ್ತದೆ. ಹೆಂಚಿನ ಮನೆಯ ಮಗುವಿಗೆ ಗಾಳಿಗೆ ಹೆಂಚು ಹಾರಿಹೋಗುವ, ಪಕ್ಕದ ತೆಂಗಿನಮರ ಮಾಡಿನ ಮೇಲೆ ಬೀಳುವ ಚಿಂತೆ ಇರಬಹುದು.

ಮಲ್ಪೆ, ಗಂಗೊಳ್ಳಿ, ಉಳ್ಳಾಲದಂತಹ ಕಡಲ ತೀರದ ಮನೆಗಳ ಮಾತು ಇನ್ನೂ ಬೇರೆ. ಯಾಂತ್ರೀಕೃತ ದೋಣಿಗಳಿಗೆ ಮೀನುಗಾರಿಕೆಯ ನಿಷೇಧ ಜೂನ್ 1ರಿಂದ ಜುಲೈ 31ರವರೆಗೆ ಇರುವುದರಿಂದ, ಮೇ ತಿಂಗಳ ಗುಡುಗಿನ ದಿನಗಳಲ್ಲಿ ಅಪ್ಪ ಕಡಲಿನಲ್ಲೇ ಇರುತ್ತಾರೆ. ಅಂತಹ ಮಗುವಿನ ಭಯ ಸದ್ದಿನದ್ದಲ್ಲ, ಅಪ್ಪನದ್ದು. ಅದಕ್ಕೆ ಉಸಿರಾಟದ ಅಭ್ಯಾಸಕ್ಕಿಂತ ಮಾಹಿತಿ ಹೆಚ್ಚು ಅಗತ್ಯ. ಹವಾಮಾನ ಮುನ್ಸೂಚನೆ ನೋಡಿಯೇ ದೋಣಿ ಹೊರಡುತ್ತದೆ, ದಡ ಸೇರಿದ ಕೂಡಲೇ ಫೋನ್ ಬರುತ್ತದೆ ಎಂಬುದನ್ನು ಅಪ್ಪನೇ ಕೂತು ಹೇಳಬೇಕು, ಮತ್ತು ಆ ಫೋನ್ ತಪ್ಪದೆ ಮಾಡಬೇಕು.

ಕಂಡುಹಿಡಿಯುವುದಕ್ಕೆ ನೇರ ಪ್ರಶ್ನೆಗಿಂತ ಚಿತ್ರ ಒಳ್ಳೆಯದು. "ಗುಡುಗು ಬಂದ ದಿನದ ಚಿತ್ರ ಬಿಡಿಸು" ಎಂದು ಕ್ರೆಯಾನ್ ಕೊಟ್ಟು ಸುಮ್ಮನಿರಿ. ನನ್ನ ಮಗಳು ಮೋಡವನ್ನೇ ಬಿಡಿಸಲಿಲ್ಲ. ಒಂದು ಕಿಟಕಿ ಬಿಡಿಸಿ ಅದರ ತುಂಬ ಕಪ್ಪು ಬಳಿದಳು. ಅವಳ ಅಂಜಿಕೆ ಕತ್ತಲೆಯದೆಂದು ಅಂದು ತಿಳಿಯಿತು.

ಮೂರನೆಯ ಹೆಜ್ಜೆ: ದೊಡ್ಡವರು ತಮ್ಮ ಮಾತು ಮತ್ತು ಮುಖವನ್ನು ತಿದ್ದಿಕೊಳ್ಳಬೇಕು

ಮಗು ಗುಡುಗನ್ನು ಕೇಳಿದ ತಕ್ಷಣ ನೋಡುವುದು ಆಕಾಶವನ್ನಲ್ಲ, ನಮ್ಮ ಮುಖವನ್ನು. ಅಜ್ಜಿ ಎದೆ ಹಿಡಿದುಕೊಂಡು "ಅಯ್ಯೋ ದೇವರೇ" ಎಂದರೆ, ಆ ಮೇಲೆ ತಾಯಿ ಎಷ್ಟು ಸಮಾಧಾನ ಹೇಳಿದರೂ ಮಗು ನಂಬುವುದು ಅಜ್ಜಿಯನ್ನು. ಮನೆಯ ಹಿರಿಯರಿಗೆ ನಿಜವಾಗಿಯೇ ಭಯವಿದ್ದರೆ ಅದನ್ನು ಮುಚ್ಚಿಡಬೇಕಾಗಿಲ್ಲ. "ನನಗೂ ಸ್ವಲ್ಪ ಎದೆ ಢವಢವ ಅಂತದೆ, ನಾವಿಬ್ಬರೂ ಒಟ್ಟಿಗೆ ಉಸಿರು ತೆಗೆದುಕೊಳ್ಳುವ" ಎಂದರೆ ಮಗು ಅದರಿಂದಲೂ ಕಲಿಯುತ್ತದೆ.

ಊಟ ಮಾಡದಿದ್ದರೆ ಗುಡುಗು ಬಂದು ಹಿಡಿಯುತ್ತದೆ ಎಂದು ಹೆದರಿಸುವುದನ್ನು ಇವತ್ತೇ ನಿಲ್ಲಿಸಬೇಕು. "ತಮ್ಮ ನೋಡು ಹೆದರುವುದಿಲ್ಲ, ನೀನು ಪುಕ್ಕಲ" ಎಂಬ ಹೋಲಿಕೆಯಿಂದ ಮಗು ಭಯವನ್ನು ಬಿಡುವುದಿಲ್ಲ, ಹೇಳಿಕೊಳ್ಳುವುದನ್ನು ಬಿಡುತ್ತದೆ. ಕೆಲವು ಮನೆಗಳಲ್ಲಿ ಸಿಡಿಲಿನ ಹೊತ್ತಿಗೆ ಕಬ್ಬಿಣದ ಕತ್ತಿಯನ್ನು ಅಂಗಳಕ್ಕೆ ಎಸೆಯುವ ರೂಢಿ ಇದೆ. ಹಿರಿಯರ ನಂಬಿಕೆಯ ಮೇಲೆ ನನಗೆ ಗೌರವವಿದೆ, ಆದರೆ ಮಿಂಚುವಾಗ ಬಾಗಿಲು ತೆರೆದು ಹೊರಗೆ ಕಾಲಿಡುವುದು ಅಪಾಯಕರವಾದ್ದರಿಂದ ಇದನ್ನು ಕೈಬಿಡುವಂತೆ ವಿನಯದಿಂದ ಕೇಳಿಕೊಳ್ಳುತ್ತೇನೆ.

ನಾಲ್ಕನೆಯ ಹೆಜ್ಜೆ: ನಿಜವನ್ನು ಮಗುವಿನ ಅಳತೆಗೆ ತಕ್ಕಂತೆ ಹೇಳಿ

ಮೂರು ನಾಲ್ಕು ವರ್ಷದ ಮಗುವಿಗೆ "ಮಿಂಚು ಮೋಡದ ಬೆಳಕು, ಗುಡುಗು ಮೋಡದ ಸದ್ದು, ನಾವು ಮನೆಯೊಳಗೆ ಇದ್ದೇವೆ" ಎಂಬ ಮೂರು ಮಾತು ಸಾಕು. ಆರು ವರ್ಷ ದಾಟಿದ ಮಗುವಿಗೆ ಕಾರಣ ಬೇಕು. ಮೋಡದೊಳಗೆ ಮಂಜಿನ ಹರಳುಗಳು ಒಂದಕ್ಕೊಂದು ಉಜ್ಜಿ ವಿದ್ಯುತ್ ಸಂಗ್ರಹವಾಗುತ್ತದೆ. ಅದು ಹರಿದಾಗ ಆ ದಾರಿಯ ಗಾಳಿ ಕ್ಷಣದಲ್ಲಿ ಸುಮಾರು 30,000 ಡಿಗ್ರಿ ಸೆಲ್ಸಿಯಸ್‌ವರೆಗೆ ಕಾದು ಒಮ್ಮೆಲೇ ಹಿಗ್ಗುತ್ತದೆ. ಆ ಹಿಗ್ಗುವಿಕೆಯ ಸದ್ದೇ ಗುಡುಗು. ಜಾತ್ರೆಯಲ್ಲಿ ಗರ್ನಾಲ್ ಸಿಡಿಯುವುದನ್ನು ದೂರದಿಂದ ನೋಡಿದ ನಮ್ಮ ಮಕ್ಕಳಿಗೆ, ಮೊದಲು ಬೆಳಕು ಕಂಡು ಆಮೇಲೆ ಸದ್ದು ಕೇಳುವುದು ಹೊಸತಲ್ಲ. ಅದನ್ನೇ ನೆನಪಿಸಿ, "ಸದ್ದು ಕೇಳಿತು ಎಂದರೆ ಆ ಮಿಂಚು ಆಗಲೇ ಮುಗಿದುಹೋಗಿದೆ" ಎಂದು ಹೇಳಿ. ನನ್ನ ಮಗಳಿಗೆ ಅತಿ ಹೆಚ್ಚು ನೆಮ್ಮದಿ ಕೊಟ್ಟ ವಾಕ್ಯ ಇದು.

ಇಲ್ಲಿಂದ ಎಣಿಕೆಯ ಆಟ ಹುಟ್ಟುತ್ತದೆ. ಸದ್ದು ಒಂದು ಕಿಲೋಮೀಟರ್ ಸಾಗಲು ಸುಮಾರು 3 ಸೆಕೆಂಡ್ ತೆಗೆದುಕೊಳ್ಳುತ್ತದೆ. ಮಿಂಚು ಕಂಡ ಕೂಡಲೇ ಎಣಿಸತೊಡಗಿ, ಗುಡುಗು ಕೇಳಿದಾಗ ಬಂದ ಸಂಖ್ಯೆಯನ್ನು 3ರಿಂದ ಭಾಗಿಸಿದರೆ ದೂರ ಸಿಗುತ್ತದೆ. ಉಡುಪಿಯಲ್ಲಿ ಕುಳಿತು 18 ಎಣಿಸಿದರೆ ಮಿಂಚು ಹೆಚ್ಚುಕಡಿಮೆ ಮಲ್ಪೆಯಷ್ಟು ದೂರ. ಸಂಖ್ಯೆಗಳನ್ನು ಗೋಡೆಯ ಕ್ಯಾಲೆಂಡರಿನಲ್ಲಿ ಬರೆಯುತ್ತಾ ಹೋದರೆ ಅವು ದೊಡ್ಡದಾಗುತ್ತಿರುವುದು, ಅಂದರೆ ಮೋಡ ದೂರ ಹೋಗುತ್ತಿರುವುದು, ಮಗುವಿಗೆ ಕಣ್ಣಿಗೆ ಕಾಣುತ್ತದೆ. ಸಂಖ್ಯೆ ಮೂರು ನಾಲ್ಕಕ್ಕೆ ಇಳಿಯುವ ಗಳಿಗೆಯೂ ಬರುತ್ತದೆ ಎಂಬುದನ್ನು ಮುಂಚಿತವಾಗಿಯೇ ಹೇಳಿ: "ಹತ್ತಿರ ಬಂದರೂ ನಾವು ಗಟ್ಟಿ ಮನೆಯೊಳಗೆ ಇದ್ದೇವೆ, ಮತ್ತೆ ಅದು ದಾಟಿ ಹೋಗುತ್ತದೆ." ಎಣಿಕೆ ಮನೆಯೊಳಗಿನ ಆಟ ಮಾತ್ರ. ಹೊರಗಿದ್ದಾಗ ಎಣಿಸುತ್ತ ನಿಲ್ಲಬಾರದು. ಗುಡುಗು ಕೇಳಿಸಿದರೆ ಒಳಗೆ ಬರಬೇಕು.

"ಸಿಡಿಲು ಯಾರಿಗೂ ಏನೂ ಮಾಡುವುದಿಲ್ಲ" ಎಂದು ಮಾತ್ರ ಹೇಳಬೇಡಿ. ಅದು ಸುಳ್ಳು, ಮತ್ತು ಶಾಲೆಯಲ್ಲಿ ಯಾವುದೋ ಸುದ್ದಿ ಕೇಳಿದ ದಿನ ನಿಮ್ಮ ಉಳಿದ ಮಾತುಗಳ ಮೇಲೂ ನಂಬಿಕೆ ಹೋಗುತ್ತದೆ.

ಐದನೆಯ ಹೆಜ್ಜೆ: ಮನೆಯ ನಿಯಮಗಳನ್ನು ಮಗುವಿನ ಕೈಯಲ್ಲೇ ಬರೆಯಿಸಿ

ಸುರಕ್ಷತೆಯ ನಿಯಮ ತಿಳಿದ ಮಗುವಿಗೆ ತನ್ನ ಕೈಯಲ್ಲೂ ಸ್ವಲ್ಪ ಇದೆ ಎಂಬ ಭಾವ ಮೂಡುತ್ತದೆ. ಗುಡುಗಿನ ಹೊತ್ತಿಗೆ ತೋಟ, ಗದ್ದೆ, ಸಮುದ್ರತೀರ, ತಾರಸಿಯಿಂದ ಒಳಗೆ ಬರಬೇಕು, ತೆಂಗಿನಮರದ ಅಥವಾ ಒಂಟಿ ಮರದ ಕೆಳಗೆ ನಿಲ್ಲಬಾರದು, ಕಬ್ಬಿಣದ ಸರಳಿನ ಕಿಟಕಿಯಿಂದ ದೂರ ಕೂರಬೇಕು, ಆ ಹೊತ್ತಿನಲ್ಲಿ ಸ್ನಾನ ಮಾಡುವುದು, ನಲ್ಲಿ ನೀರಿನಲ್ಲಿ ಪಾತ್ರೆ ತೊಳೆಯುವುದು ಬೇಡ, ಟಿ.ವಿ., ವೈಫೈ ಪೆಟ್ಟಿಗೆಗಳ ಪ್ಲಗ್‌ಗಳನ್ನು ಮೋಡ ಕಂಡಾಗಲೇ ದೊಡ್ಡವರು ತೆಗೆದಿಡಬೇಕು. ಚಾರ್ಜಿಗೆ ಹಾಕಿದ ಮೊಬೈಲ್ ಮುಟ್ಟಬಾರದು. ದಾರಿಯಲ್ಲಿದ್ದರೆ ಗಾಜು ಏರಿಸಿದ ಕಾರು ಅಥವಾ ಬಸ್ಸು ಸುರಕ್ಷಿತ, ಸ್ಕೂಟರ್ ಅಲ್ಲ. ಕೊನೆಯ ಗುಡುಗು ಕೇಳಿದ ಮೇಲೆ 30 ನಿಮಿಷ ಕಳೆದೇ ಹೊರಗೆ ಆಡಲು ಹೋಗಬೇಕು. ಗಡಿಯಾರ ನೋಡಿ ಈ ಅರ್ಧ ಗಂಟೆಯನ್ನು ಘೋಷಿಸುವ ಅಧಿಕಾರವನ್ನು ಮಗುವಿಗೇ ಕೊಡಿ.

ಪುಣೆಯ ಉಷ್ಣವಲಯ ಹವಾಮಾನ ಸಂಸ್ಥೆ ರೂಪಿಸಿದ "ದಾಮಿನಿ" ಆ್ಯಪ್ ಸುತ್ತಮುತ್ತಲಿನ ಮಿಂಚಿನ ಮಾಹಿತಿ ಕೊಡುತ್ತದೆ. ಹವಾಮಾನ ಇಲಾಖೆ ಹಳದಿ, ಕಿತ್ತಳೆ, ಕೆಂಪು ಎಂದು ಎಚ್ಚರಿಕೆ ಪ್ರಕಟಿಸುತ್ತದೆ. ಇವು ದೊಡ್ಡವರಿಗೆ. ಹೆದರುವ ಮಗುವಿನ ಕೈಗೆ ಬಂದರೆ ಗಂಟೆಗೆ ಹತ್ತು ಸಲ ನೋಡುವ ಚಾಳಿಯಾಗುತ್ತದೆ.

ಒಂದು ಡಬ್ಬಿಯನ್ನೂ ಸಿದ್ಧಪಡಿಸಿ. ಅದರಲ್ಲಿ ಮಗುವಿಗೆಂದೇ ಒಂದು ಟಾರ್ಚ್, ಮೆತ್ತನೆಯ ಹೊದಿಕೆ, ಬಣ್ಣ, ಕಾಗದ, ಕುರುಕಲು ತಿಂಡಿ ಇರಲಿ. ಆಟಿ ತಿಂಗಳ ಮಳೆಯಲ್ಲಿ ಹಿಂದಿನವರು ಚೆನ್ನೆಮಣೆ ಹಿಡಿದು ಕೂರುತ್ತಿದ್ದುದು ಈ ಕೆಲಸಕ್ಕೂ ಒದಗುತ್ತದೆ. ಕಾಯಿಗಳನ್ನು ಒಂದೊಂದಾಗಿ ಗುಳಿಗೆ ಹಾಕುವಾಗ ಕೈ, ಕಣ್ಣು, ಲೆಕ್ಕ ಮೂರೂ ತೊಡಗಿಕೊಳ್ಳುವುದರಿಂದ ಮನಸ್ಸು ಕಿವಿಯ ಹಿಂದೆ ಓಡುವುದಿಲ್ಲ, ಮತ್ತು ಟಾರ್ಚ್ ಬೆಳಕಿನಲ್ಲೂ ಆಡಬಹುದು.

ಆರನೆಯ ಹೆಜ್ಜೆ: ಉಸಿರು, ಮತ್ತು ಅರ್ಜುನನ ಹತ್ತು ಹೆಸರು

ಭಯವಾದಾಗ ಉಸಿರು ಎದೆಯಲ್ಲೇ ಸಿಕ್ಕಿಕೊಂಡು ಬಿರುಸಾಗುತ್ತದೆ. ಉಸಿರನ್ನು ನಿಧಾನವಾಗಿ, ದೀರ್ಘವಾಗಿ ಹೊರಬಿಟ್ಟರೆ ಎದೆಬಡಿತ ಇಳಿಯುತ್ತದೆ. ಮಗುವನ್ನು ಅಂಗಾತ ಮಲಗಿಸಿ ಹೊಟ್ಟೆಯ ಮೇಲೊಂದು ಹಗುರ ಆಟಿಕೆ ಇಟ್ಟು, ಅದು ದೋಣಿಯಂತೆ ಏರಿ ಇಳಿಯುವುದನ್ನು ನೋಡಲು ಹೇಳಿ. ದಿನಕ್ಕೆ ಐದು ನಿಮಿಷ, ಮಲಗುವ ಮುನ್ನ.

ನಮ್ಮಲ್ಲಿ ಗುಡುಗು ಬಂದಾಗ "ಅರ್ಜುನ, ಫಲ್ಗುಣ, ಪಾರ್ಥ, ಕಿರೀಟಿ, ಶ್ವೇತವಾಹನ, ಬೀಭತ್ಸು, ವಿಜಯ, ಕೃಷ್ಣ, ಸವ್ಯಸಾಚಿ, ಧನಂಜಯ" ಎನ್ನುವ ಪದ್ಧತಿ ಹಳೆಯದು. ಹತ್ತು ಹೆಸರನ್ನು ಸಾವಕಾಶವಾಗಿ ಹೇಳಿ ಮುಗಿಸುವಷ್ಟರಲ್ಲಿ ಉಸಿರು ತಾನಾಗಿಯೇ ಉದ್ದವಾಗಿ ಹೊರಗೆ ಹೋಗಿರುತ್ತದೆ. ಇದರ ಕಥೆಯೂ ನಮಗೆ ಬೇಕಾದ ಕಥೆಯೇ: ವಿರಾಟನಗರಿಯಲ್ಲಿ ಕೌರವರ ಸೈನ್ಯ ಕಂಡು ರಥದಿಂದ ಹಾರಿ ಓಡಿದ ಉತ್ತರಕುಮಾರನನ್ನು ಹಿಡಿದು ತಂದ ಮೇಲೆ, ಬೃಹನ್ನಳೆಯ ವೇಷದಲ್ಲಿದ್ದ ಅರ್ಜುನ ತನ್ನ ಹತ್ತು ಹೆಸರುಗಳನ್ನು ಹೇಳುವುದು ಆ ಹೆದರಿದ ಹುಡುಗನಿಗೆ. ಉತ್ತರ ಆ ದಿನ ಯುದ್ಧ ಮಾಡಲಿಲ್ಲ, ಆದರೆ ಓಡದೆ ರಥದಲ್ಲಿ ಕುಳಿತು ಕುದುರೆ ನಡೆಸಿದ. ಯಕ್ಷಗಾನ ನೋಡಿ ಬೆಳೆದ ಮಗುವಿಗೆ ಇದಕ್ಕಿಂತ ಹತ್ತಿರದ ಉದಾಹರಣೆ ಬೇಡ. ಬೇರೆ ಮನೆಗಳಲ್ಲಿ ಅವರವರ ಪ್ರಾರ್ಥನೆ, ಜಪಮಾಲೆ, ದುವಾ ಇದೇ ಕೆಲಸ ಮಾಡುತ್ತದೆ. ಎಚ್ಚರ ಒಂದೇ: "ಇದನ್ನು ಹೇಳದಿದ್ದರೆ ಸಿಡಿಲು ಬೀಳುತ್ತದೆ" ಎಂಬ ಅರ್ಥ ಮಗುವಿನ ಮನಸ್ಸಿಗೆ ಹೋಗಬಾರದು. ಹೋದರೆ ಸಾಂತ್ವನವೇ ಇನ್ನೊಂದು ಭಯವಾಗುತ್ತದೆ.

ಏಳನೆಯ ಹೆಜ್ಜೆ: ಒಣ ದಿನಗಳಲ್ಲಿ ಮೆಟ್ಟಿಲು ಹತ್ತಿಸಿ

ಇಡೀ ಕ್ರಮದ ಜೀವಾಳ ಇದು. ತಪ್ಪಿಸಿಕೊಂಡಷ್ಟೂ ಭಯ ಬೆಳೆಯುತ್ತದೆ, ಏಕೆಂದರೆ ಅಡಗಿ ಕುಳಿತ ಮಗುವಿಗೆ "ಅಡಗಿದ್ದರಿಂದಲೇ ನನಗೆ ಏನೂ ಆಗಲಿಲ್ಲ" ಎಂದು ಅನಿಸುತ್ತದೆ. ಸಣ್ಣ ಸಣ್ಣ ಪ್ರಮಾಣದಲ್ಲಿ ಎದುರಿಸಿ, ಭಯ ತಾನಾಗಿ ಇಳಿಯುವುದನ್ನು ಅನುಭವಿಸಿದಾಗ ಮಾತ್ರ ಆ ಲೆಕ್ಕ ತಿದ್ದುತ್ತದೆ.

ಭಯವನ್ನು ಅಳೆಯಲು ಹತ್ತು ಹುಣಸೆಬೀಜ ಕೊಡಿ. ಎಷ್ಟು ಭಯವಾಗುತ್ತಿದೆಯೋ ಅಷ್ಟು ಬೀಜ ಮುಂದಿಡಲಿ. ಮೊದಲು ಮಿಂಚಿನ ಚಿತ್ರಗಳನ್ನು ನೋಡುವುದು, ಅನಂತರ ಸದ್ದಿಲ್ಲದ ವಿಡಿಯೊ. ಆ ಮೇಲೆ ಗುಡುಗಿನ ಧ್ವನಿಮುದ್ರಣವನ್ನು ಅತಿ ಸಣ್ಣದಾಗಿ ಕೇಳಿಸಬೇಕು, ಮತ್ತು ಸದ್ದು ಏರಿಸುವ ಇಳಿಸುವ ಗುಂಡಿ ಮಗುವಿನ ಕೈಯಲ್ಲೇ ಇರಬೇಕು. ಪ್ರತಿ ಮೆಟ್ಟಿಲಿನಲ್ಲೂ ಬೀಜಗಳು ಅರ್ಧಕ್ಕೆ ಇಳಿಯುವವರೆಗೆ ಉಳಿಯಿರಿ. ಆರು ಬೀಜ ಇಟ್ಟ ಮಗುವನ್ನು ಕನಿಕರದಿಂದ ಆ ಗಳಿಗೆಗೇ ಎತ್ತಿಕೊಂಡು ಹೊರಗೆ ಹೋದರೆ ಭಯ ಗೆದ್ದಂತೆ. ಮೂರಕ್ಕೆ ಇಳಿಯುವತನಕ ಜೊತೆಯಲ್ಲಿ ಕೂತರೆ ಮಗು ಗೆದ್ದಂತೆ. ಎಂಟು ಒಂಬತ್ತಕ್ಕೆ ಏರಿದರೆ ನೀವು ಮೆಟ್ಟಿಲು ಹಾರಿದ್ದೀರಿ ಎಂದರ್ಥ; ಸದ್ದು ತಗ್ಗಿಸಿ, ಹಿಂದಿನ ಮೆಟ್ಟಿಲಿಗೆ ಇಳಿಯಿರಿ. ದಿನಕ್ಕೆ ಹತ್ತು ಹದಿನೈದು ನಿಮಿಷಕ್ಕಿಂತ ಹೆಚ್ಚು ಬೇಡ.

ನಮ್ಮ ಮನೆಯಲ್ಲಿ ಎಲ್ಲಕ್ಕಿಂತ ಹೆಚ್ಚು ಫಲ ಕೊಟ್ಟದ್ದು ಗುಡುಗಿನ ನಾಟಕ. ರಾತ್ರಿ ಕೋಣೆಯ ದೀಪ ಆರಿಸಿ, ಟಾರ್ಚ್ ಮಿನುಗಿಸಿ ಮಿಂಚು, ತೆಳು ತಗಡನ್ನು ಅಲುಗಾಡಿಸಿ ಗುಡುಗು. ಮೊದಲ ವಾರ ಗುಡುಗು ನಾನಾಗಿದ್ದೆ. ಎರಡನೆಯ ವಾರ ಮಗಳು ತಗಡು ಕೇಳಿ ಪಡೆದಳು. ಸದ್ದು ಯಾವಾಗ ಬರುತ್ತದೆ ಎಂಬುದು ತನ್ನ ಕೈಯಲ್ಲಿದ್ದಾಗ ಅದು ಬೇರೆಯೇ ಸದ್ದು. ಆಮೇಲೆ ಅವಳ ಕಣ್ಣು ಮುಚ್ಚಿಸಿ ನಾನು ಬಾರಿಸಿದೆ, ಬಳಿಕ ಹೇಳದೆ ಬಾರಿಸಿದೆ. ಪ್ರತಿಯೊಂದಕ್ಕೂ ಅವಳ ಒಪ್ಪಿಗೆ ಮೊದಲೇ ಪಡೆದು. ಒಪ್ಪಿಗೆಯಿಲ್ಲದೆ ಒಮ್ಮೆ ಬೆಚ್ಚಿಬೀಳಿಸಿದರೂ ತಿಂಗಳ ಕೆಲಸ ಹಾಳಾಗುತ್ತದೆ.

ಜುಲೈಯಲ್ಲಿ, ಗುಡುಗಿಲ್ಲದ ದೊಡ್ಡ ಮಳೆಗೆ ಜಗಲಿಯಲ್ಲಿ ಕುಳಿತು ಮಾಡಿನಂಚಿನ ನೀರು ನೋಡುವುದು ಮುಂದಿನ ಮೆಟ್ಟಿಲು. ಅಕ್ಟೋಬರಿನಲ್ಲಿ, ಗುಡುಗು ಇನ್ನೂ ಕೇಳಿಸದಷ್ಟು ದೂರದಲ್ಲಿ ಕುದುರೆಮುಖದ ಕಡೆ ಮಿನುಗುವ ಬೆಳಕನ್ನು ಮನೆಯೊಳಗೆ, ಕಿಟಕಿಯಿಂದ ನಾಲ್ಕು ಹೆಜ್ಜೆ ಹಿಂದೆ ಕುಳಿತು ನೋಡುವುದು ಅದರ ಮೇಲಿನದು.

ಎಂಟನೆಯ ಹೆಜ್ಜೆ: ಗುಡುಗು ಬಂದೇಬಿಟ್ಟಾಗ

ಮಾತು ಕಡಿಮೆ ಇರಲಿ. ಮಗುವಿನ ಪಕ್ಕದಲ್ಲಿ, ಅದರ ಕಣ್ಣಿನ ಎತ್ತರಕ್ಕೆ ಕುಳಿತು, "ನಿನಗೆ ಹೆದರಿಕೆಯಾಗ್ತಾ ಉಂಟು, ನಾನು ಇಲ್ಲೇ ಇದ್ದೇನೆ" ಎಂದು ಮೊದಲು ಭಯವನ್ನು ಒಪ್ಪಿಕೊಳ್ಳಿ. ಅನಂತರ ಡಬ್ಬಿ ತೆರೆಯಿರಿ, ಎಣಿಕೆ ಶುರುಮಾಡಿ. ಕಿವಿ ಮುಚ್ಚಿಕೊಳ್ಳುವ ಮಗುವನ್ನು ತಡೆಯಬೇಡಿ. ಸದ್ದಿಗೆ ಅತಿ ಸೂಕ್ಷ್ಮವಾಗಿರುವ ಮಕ್ಕಳಿಗೆ, ಮುಖ್ಯವಾಗಿ ಆಟಿಸಂ ಇರುವ ಮಕ್ಕಳಿಗೆ, ಕಿವಿ ಮುಚ್ಚುವ ಹೆಡ್‌ಫೋನ್ ಅಗತ್ಯವೇ ಆಗಿರಬಹುದು.

"ಅಮ್ಮಾ, ಸಿಡಿಲು ನಮ್ಮ ಮನೆಗೆ ಬೀಳ್ತದಾ?" ಎಂಬ ಪ್ರಶ್ನೆ ಹತ್ತು ಸಲ ಬರುತ್ತದೆ. ಒಂದು ಸಲ ಪೂರ್ತಿಯಾಗಿ ಉತ್ತರಿಸಿ. ಎರಡನೆಯ ಸಲ, "ಇದಕ್ಕೆ ನಾವು ಏನು ಹೇಳಿಕೊಂಡಿದ್ದೆವು, ನೀನು ಹೇಳು ನೋಡುವ" ಎಂದು ಉತ್ತರವನ್ನು ಮಗುವಿನಿಂದಲೇ ಹೊರಡಿಸಿ. ಪ್ರತಿಸಲವೂ ನಾವೇ ಭರವಸೆ ಕೊಡುತ್ತ ಹೋದರೆ ಆ ನೆಮ್ಮದಿ ಮುಂದಿನ ಗುಡುಗಿನವರೆಗೆ ಮಾತ್ರ ಉಳಿಯುತ್ತದೆ.

ರಾತ್ರಿಯಾದರೆ ಮಗುವನ್ನು ನಿಮ್ಮ ಕೋಣೆಗೆ ತರುವುದಕ್ಕಿಂತ ನೀವೇ ಅದರ ಹಾಸಿಗೆಯ ಬಳಿಗೆ ಹೋಗಿ, ಮೋಡ ದಾಟಿದ ಮೇಲೆ ಎದ್ದು ಬನ್ನಿ. ಕತ್ತಲೆಗೆ ಮೊಂಬತ್ತಿಗಿಂತ ಚಾರ್ಜ್ ದೀಪ ಲೇಸು. ಶಾಲೆಯ ವಿಷಯದಲ್ಲಿ, ತರಗತಿಯ ಟೀಚರಿಗೆ ಮೊದಲೇ ತಿಳಿಸಿ ಕಿಟಕಿಯಿಂದ ದೂರದ ಜಾಗ ಕೇಳಿಕೊಳ್ಳಿ. ಜಿಲ್ಲಾಧಿಕಾರಿಗಳು ಮಳೆ ರಜೆ ಕೊಟ್ಟಾಗ, ಅದು ನೀರು ತುಂಬಿದ ರಸ್ತೆ, ಹೊಳೆಗಳ ಕಾರಣದಿಂದ ಎಂದು ವಿವರಿಸಿ.

ಗುಡುಗು ನಿಂತ ಮೇಲೆ ಒಂದು ನೋಟ್‌ಬುಕ್ಕಿನಲ್ಲಿ ದಿನಾಂಕ, ಮೊದಲಿಗೆ ಎಷ್ಟು ಬೀಜ, ಕೊನೆಗೆ ಎಷ್ಟು ಬೀಜ, ಮಗು ತಾನಾಗಿ ಏನು ಮಾಡಿತು ಎಂದು ಇಬ್ಬರೂ ಕೂತು ಬರೆಯಿರಿ. ಹೊಗಳುವಾಗ "ನೀನು ಹೆದರಲಿಲ್ಲ" ಎನ್ನದೆ "ಹೆದರಿಕೆಯಾದರೂ ಚೆನ್ನೆಮಣೆ ಬಿಟ್ಟು ಏಳಲಿಲ್ಲ" ಎನ್ನಿ.

ಹಾನಿಯನ್ನು ಕಣ್ಣಾರೆ ಕಂಡ ಮಕ್ಕಳು

2018ರ ಮೇ 29ರಂದು ಮಂಗಳೂರಿನಲ್ಲಿ, 2020ರ ಸೆಪ್ಟೆಂಬರಿನಲ್ಲಿ ಉಡುಪಿಯಲ್ಲಿ ಮನೆಗಳಿಗೆ ನೀರು ನುಗ್ಗಿತ್ತು; 2021ರ ಮೇ ತಿಂಗಳಿನಲ್ಲಿ ತೌಕ್ತೆ ಚಂಡಮಾರುತ ನಮ್ಮ ಕಡಲತೀರವನ್ನು ಅಪ್ಪಳಿಸುತ್ತ ಸಾಗಿತ್ತು. ಅಂತಹ ದಿನವನ್ನು ಅನುಭವಿಸಿದ ಅಥವಾ ಸಿಡಿಲಿನಿಂದ ಮನೆಯವರಿಗೆ ಪೆಟ್ಟಾದುದನ್ನು ಕಂಡ ಮಗುವಿನ ಮೇಲೆ ಮೇಲಿನ ಮೆಟ್ಟಿಲುಗಳನ್ನು ಮನೆಯಲ್ಲೇ ಪ್ರಯೋಗಿಸಬೇಡಿ. ಅದಕ್ಕೆ ಮೊದಲು ಬೇಕಾದುದು ಊಟ, ನಿದ್ದೆ, ಶಾಲೆಯ ನಿತ್ಯದ ಕ್ರಮ ಮರಳುವುದು. ಆಟದಲ್ಲಿ ಅದೇ ಘಟನೆಯನ್ನು ಮತ್ತೆ ಮತ್ತೆ ಆಡಿದರೆ ಆಡಲಿ. ಹಾನಿಯ ವಿಡಿಯೊಗಳು ವಾಟ್ಸ್ಆ್ಯಪಿನಲ್ಲಿ ಬಂದರೆ ಮಗುವಿನ ಎದುರು ತೆರೆಯಬೇಡಿ. ಒಂದು ತಿಂಗಳಾದರೂ ಕೆಟ್ಟ ಕನಸು, ಬೆಚ್ಚಿಬೀಳುವುದು, ಯಾವಾಗಲೂ ಅಂಟಿಕೊಂಡಿರುವುದು ಮುಂದುವರಿದರೆ ವೈದ್ಯರನ್ನು ಕಾಣಬೇಕು.

ವೈದ್ಯರ ನೆರವು ಯಾವಾಗ

ಬಿಸಿಲಿನ ದಿನವೂ ಆಕಾಶ ನೋಡುತ್ತಲೇ ಇರುವುದು, ಮೋಡವಿದ್ದರೆ ಶಾಲೆಗೆ ಹೋಗದಿರುವುದು, ಸಂಜೆಯಾದಂತೆ ಹೊಟ್ಟೆನೋವು, ನಿಂತಿದ್ದ ಹಾಸಿಗೆ ಒದ್ದೆ ಮಾಡುವ ಅಭ್ಯಾಸ ಮರಳುವುದು, ಇವು ಕಂಡರೆ ಅಥವಾ ತೀವ್ರ ಭಯ ಆರು ತಿಂಗಳಿಗೂ ಹೆಚ್ಚು ಉಳಿದರೆ ಕಾಯಬೇಡಿ. ಮಂಗಳೂರಿನ ವೆನ್ಲಾಕ್ ಆಸ್ಪತ್ರೆ, ಮಣಿಪಾಲದ ಕೆ.ಎಂ.ಸಿ.ಗಳಲ್ಲಿ ಮನೋವೈದ್ಯಕೀಯ ವಿಭಾಗಗಳಿವೆ. ಕೇಂದ್ರ ಸರಕಾರ 2022ರ ಅಕ್ಟೋಬರಿನಲ್ಲಿ ಆರಂಭಿಸಿದ ಟೆಲಿ ಮಾನಸ್ ಸೇವೆಗೆ 14416 ಸಂಖ್ಯೆಗೆ ಹಗಲು ರಾತ್ರಿ ಯಾವಾಗ ಬೇಕಾದರೂ ಉಚಿತವಾಗಿ ಕರೆಮಾಡಿ ಕನ್ನಡದಲ್ಲೇ ಮಾತನಾಡಬಹುದು. ಇಂತಹ ಭಯಕ್ಕೆ ಮುಖ್ಯ ಚಿಕಿತ್ಸೆ ಔಷಧಿಯಲ್ಲ. ಮೇಲೆ ಹೇಳಿದ ಮೆಟ್ಟಿಲಿನ ಅಭ್ಯಾಸವನ್ನೇ ತಜ್ಞರು ಇನ್ನಷ್ಟು ನಾಜೂಕಾಗಿ ಮಾಡಿಸುತ್ತಾರೆ. ಹೋಗುವಾಗ ಆ ನೋಟ್‌ಬುಕ್ ತೆಗೆದುಕೊಂಡು ಹೋಗಿ, ಮತ್ತು ಅದನ್ನು ವೈದ್ಯರ ಕೈಗೆ ಕೊಡುವ ಕೆಲಸ ಮಗುವಿನದೇ ಆಗಿರಲಿ.